ಗೋಡೆಯೊಳಗಿನ ನೂರು ವರ್ಷ

‘ಇಂಥ ಪುಸ್ತಕವನ್ನು ಮಗನ ಕೈಯಲ್ಲಿ ಬಿಡಬಹುದೇ ಸಾರ್?’ ಎಂದು ಹಳೆಯ ವಿದ್ಯಾರ್ಥಿನಿಯೊಬ್ಬಳು ಕೇಳಿದ್ದಾಳೆ. ಒಂಬತ್ತನೆಯ ತರಗತಿಯ ಆ ಹುಡುಗ ಓದುತ್ತಿರುವುದು ಜಪಾನಿನ ಹಜಿಮೆ ಇಸಾಯಾಮ ರಚಿಸಿದ ‘ಅಟ್ಯಾಕ್ ಆನ್ ಟೈಟನ್’ ಎಂಬ ಮಾಂಗಾ, ಅಂದರೆ ಚಿತ್ರಕಥೆ. ಓದದೆಯೇ ತೀರ್ಪು ಕೊಡುವ ಚಟ ಸೇವೆಯಲ್ಲಿದ್ದಾಗ ನನಗಿತ್ತು. ಪಾಠದ ನಡುವೆ ಚಿತ್ರಕಥೆ ಓದುತ್ತಿದ್ದವರಿಂದ ಕಸಿದುಕೊಂಡು ಬೀರುವಿಗೆ ಸೇರಿಸುತ್ತಿದ್ದೆ. ನಿಮ್ಮಲ್ಲಿ ಕೆಲವರಿಗೆ ಅವು ಇಂದಿಗೂ ಮರಳಿ ದೊರೆತಿಲ್ಲ. ಆದುದರಿಂದ ಈ ಬಾರಿ, 2010ರಲ್ಲಿ ಜಪಾನಿನಲ್ಲಿ ಪ್ರಕಟವಾದ ಮೊದಲ ಸಂಪುಟವನ್ನು ಇಂಗ್ಲಿಷ್ ಅನುವಾದದಲ್ಲಿ ತರಿಸಿಕೊಂಡೆ. ಅದನ್ನು ಬಲದಿಂದ ಎಡಕ್ಕೆ ಓದಬೇಕೆಂದು ತಿಳಿಯದೆ ಕೊನೆಯ ಪುಟದಿಂದಲೇ ಆರಂಭಿಸಿದ್ದೆ!

ಮನುಷ್ಯರನ್ನು ನುಂಗುವ ದೈತ್ಯರಿಗೆ ಅಂಜಿ, ಅಳಿದುಳಿದ ಜನ 50 ಮೀಟರ್ ಎತ್ತರದ ಮೂರು ಸುತ್ತಿನ ಗೋಡೆಗಳೊಳಗೆ ನೂರು ವರ್ಷ ನೆಮ್ಮದಿಯಿಂದಿದ್ದಾರೆ. ಕಾವಲುಗಾರರು ಹಗಲಿನಲ್ಲೇ ಕುಡಿಯುತ್ತಾರೆ. ಒಂದು ದಿನ ಗೋಡೆಗಿಂತ ಎತ್ತರದ ದೈತ್ಯನೊಬ್ಬ ಹೆಬ್ಬಾಗಿಲನ್ನು ಒದ್ದು ಒಡೆಯುತ್ತಾನೆ. ಬಾಲಕ ಎರೆನ್‌ನ ತಾಯಿ ಕುಸಿದ ಮನೆಯಡಿ ಸಿಲುಕುತ್ತಾಳೆ. ಕಾವಲುಗಾರ ಹಾನೆಸ್ ಕತ್ತಿ ಹಿರಿದು ಮುನ್ನುಗ್ಗುತ್ತಾನೆ. ದೈತ್ಯನ ಮುಖ ಕಂಡೊಡನೆ ಹಿಂದೆ ಸರಿದು, ಮಕ್ಕಳಿಬ್ಬರನ್ನು ಎತ್ತಿಕೊಂಡು ಓಡುತ್ತಾನೆ. ತಾಯಿಯನ್ನು ಏಕೆ ಉಳಿಸಲಿಲ್ಲವೆಂದು ಹುಡುಗ ಹೊಡೆದಾಗ, ನಿನಗೆ ಶಕ್ತಿಯಿರಲಿಲ್ಲ, ನನಗೆ ಧೈರ್ಯವಿರಲಿಲ್ಲ ಎಂದು ಒಪ್ಪಿಕೊಂಡು ಅಳುತ್ತಾನೆ. ಮಕ್ಕಳೆದುರು ಹೀಗೆ ಒಪ್ಪಿಕೊಳ್ಳುವ ಹಿರಿಯರನ್ನು ನಮ್ಮ ಪಠ್ಯಪುಸ್ತಕಗಳಲ್ಲಿ ನಾನು ಕಂಡದ್ದು ಅಪರೂಪ. ಆ ಪುಟದಲ್ಲಿ ಬಹಳ ಹೊತ್ತು ನಿಂತೆ.

ಚಿತ್ರಗಳು ಒರಟಾಗಿವೆ, ಕೈಕಾಲುಗಳ ಅಳತೆ ತಪ್ಪುತ್ತದೆ. ಆದರೆ ಯಕ್ಷಗಾನದ ಬಣ್ಣದ ವೇಷಗಳನ್ನು ನೋಡಿ ಬೆಳೆದ ನನಗೆ, ಕೋರೆಹಲ್ಲಿಲ್ಲದೆ ಸುಮ್ಮನೆ ನಗುತ್ತಾ ಬರುವ ಈ ರಕ್ಕಸರೇ ಹೆಚ್ಚು ಭಯ ಹುಟ್ಟಿಸಿದರು.

ನನ್ನ ಆಕ್ಷೇಪ ರಕ್ತಪಾತಕ್ಕಲ್ಲ. ಪ್ರಾಥಮಿಕ ಶಾಲೆಯ ಮಕ್ಕಳಿಗೆ ಇದು ಸಲ್ಲದು, ಅಷ್ಟೇ. ನನ್ನನ್ನು ಕಾಡಿದ್ದು ದೈತ್ಯರಲ್ಲಿ ಒಬ್ಬನನ್ನೂ ಉಳಿಸೆನೆಂಬ ಎರೆನ್‌ನ ಶಪಥ. ಮೊದಲ ಸಂಪುಟವನ್ನಷ್ಟೇ ಓದಿದ ಹುಡುಗನಿಗೆ ಅದು ವೀರವಾಣಿಯಾಗಿಯೇ ಉಳಿಯುತ್ತದೆ. 2021ರಲ್ಲಿ ಮುಗಿದ ಈ ಕಥೆಯ ಮೂವತ್ತನಾಲ್ಕು ಸಂಪುಟಗಳನ್ನೂ ನಾನು ಓದಿ ಮುಗಿಸಿದೆ. ಆ ಶಪಥ ಅವನನ್ನು ಎಲ್ಲಿಗೆ ಕೊಂಡೊಯ್ಯುತ್ತದೆಂಬುದು ತಿಳಿಯುವುದು ಕೊನೆಯ ಸಂಪುಟಗಳಲ್ಲಿ.

ಆದುದರಿಂದ, ಮಗಳೇ, ಅರ್ಧದಲ್ಲಿ ಕಸಿದುಕೊಳ್ಳಬೇಡ. ಎರಡನೆಯ ಸಂಪುಟವನ್ನು ನೀನೇ ತಂದುಕೊಡು. ಹಾನೆಸ್ ಮಾಡಿದ್ದು ಸರಿಯೋ ತಪ್ಪೋ ಎಂದು ಊಟದ ಹೊತ್ತಿಗೆ ಅವನನ್ನು ಕೇಳು. ಅವನ ಉತ್ತರವನ್ನು ನನಗೂ ಬರೆದು ತಿಳಿಸು.