ಹೊದಿಕೆಯ ಮೇಲೆ ಕಾಣದ ಕೈ

ಕಳೆದ ಮಾಘಮಾಸದಲ್ಲಿ ಮಡಕಶಿರಾ ಸೀಮೆಯ ಒಂದು ಹಳ್ಳಿಗೆ, ಬಂಧುಗಳ ಮನೆಯ ಮದುವೆಗೆಂದು ನಾವು ಹೋಗಿದ್ದೆವು. ಆರತಿಯ ವೇಳೆಗೆ ಮೂವರು ಹೆಣ್ಣುಮಕ್ಕಳು ಮುಂದೆ ಬಂದು ನಿಸಾರ್ ಅಹಮದರ 'ನಿತ್ಯೋತ್ಸವ'ವನ್ನು ಒಂದು ಅಪಸ್ವರವೂ ಇಲ್ಲದೆ ಹಾಡಿದರು. ಹತ್ತಿರ ಹೋಗಿ ಅವರ ಕೈಯ ನೋಟುಪುಸ್ತಕವನ್ನು ನೋಡಿದೆವು. ಹಾಡು ಕನ್ನಡ, ಬರೆದುಕೊಂಡದ್ದು ತೆಲುಗು ಲಿಪಿಯಲ್ಲಿ. "ಇದರ ಧಾಟಿ ಯಾರದಮ್ಮಾ?" ಎಂದು ಕೇಳಿದರೆ, "ಕ್ಯಾಸೆಟ್ಟಿನದು ತಾತಾ, ಅಜ್ಜಿ ಹೇಳಿಕೊಟ್ಟಿದ್ದು" ಎಂದಿತು ಅವರಲ್ಲಿ ಚಿಕ್ಕದು.

ಮಗುವಿನ ಮಾತಿನಲ್ಲಿ ತಪ್ಪೇನೂ ಇಲ್ಲ. ಕವಿಯ ಹೆಸರು ಉಳಿಯುತ್ತದೆ, ಗಾಯಕರ ಹೆಸರು ಉಳಿಯುತ್ತದೆ. ಇವೆರಡರ ನಡುವೆ ನಿಂತು, ಪುಸ್ತಕದಲ್ಲಿದ್ದ ಪದ್ಯವನ್ನು ಮನೆಯೊಳಗಿನ ಹಾಡನ್ನಾಗಿ ಮಾಡಿದವನ ಹೆಸರನ್ನು ಕೇಳುವವರು ಕಡಿಮೆ.

ಇಂಗ್ಲೆಂಡಿನಲ್ಲಿ ಈ ಕೆಲಸಕ್ಕೆ ಪ್ರತ್ಯೇಕವಾದ ಹುದ್ದೆಯೇ ಉಂಟು. ರೆಕಾರ್ಡ್ ಪ್ರೊಡ್ಯೂಸರ್ ಎನ್ನುತ್ತಾರೆ. ಅಲ್ಲಿನ ಜಾರ್ಜ್ ಮಾರ್ಟಿನ್ (1926–2016) ಶಾಸ್ತ್ರೀಯ ಸಂಗೀತದಲ್ಲಿ ಶಿಕ್ಷಣ ಪಡೆದು 1950ರಲ್ಲಿ ಇ.ಎಂ.ಐ. ಸಂಸ್ಥೆಯ ನೌಕರಿಗೆ ಸೇರಿದವನು. ಬೇರೊಂದು ಕಂಪನಿ ಬೇಡವೆಂದಿದ್ದ ಲಿವರ್‌ಪೂಲಿನ ಬೀಟಲ್ಸ್ ತಂಡವನ್ನು 1962ರಲ್ಲಿ ಕರೆದು ಮುದ್ರಿಸಿದ. ಒಂದು ಗಿಟಾರಿನ ಹಾಡಿಗೆ ನಾಲ್ಕು ತಂತಿವಾದ್ಯಗಳನ್ನು ಕೂಡಿಸಿದರೆ ಚೆನ್ನೆಂದು 1965ರಲ್ಲಿ ಸೂಚಿಸಿದವನೂ ಅವನೇ. ಆ ಹಾಡು ಲೋಕವನ್ನೆಲ್ಲ ಸುತ್ತಿತು. ಮುದ್ರಿಕೆಗಳು ಲಕ್ಷಗಟ್ಟಲೆ ಮಾರಾಟವಾದರೂ ಅವನ ಪಾಲಿಗೆ ಬಂದದ್ದು ತಿಂಗಳ ಸಂಬಳ ಮಾತ್ರ. ಬೇಸತ್ತು ಅದೇ ವರ್ಷ ಹೊರಬಂದು, ಸಂಗಡಿಗರೊಡನೆ ಸ್ವಂತ ಸಂಸ್ಥೆಯನ್ನು ಕಟ್ಟಿದ.

ನಮ್ಮ ಭಾವಗೀತೆಗಳ ಲೋಕದಲ್ಲಿ ಈ ಭಾರವನ್ನು ಬಹುಪಾಲು ಹೊತ್ತವರು ರಾಗಸಂಯೋಜಕರು. ಯಾವ ಪದ್ಯ, ಅದರಲ್ಲಿ ಯಾವ ನುಡಿಗಳು, ಯಾವ ಕಂಠ, ಕೊಳಲು ಎಲ್ಲಿ, ಮೌನ ಎಲ್ಲಿ ಎಂಬುದನ್ನೆಲ್ಲ ಅವರೇ ನಿರ್ಣಯಿಸಬೇಕು. ಹಳೆಯ 78 ಸುತ್ತಿನ ತಟ್ಟೆಯ ಒಂದು ಮುಖದಲ್ಲಿ ಹಿಡಿಯುತ್ತಿದ್ದುದು ಮೂರು ನಿಮಿಷ ಚಿಲ್ಲರೆ. ದೀರ್ಘವಾದ ಕವಿತೆ ಅದರೊಳಗೆ ಹೋಗಬೇಕಾದರೆ ನುಡಿಗಳಿಗೆ ಕತ್ತರಿ ಬೀಳಲೇಬೇಕು. ಆ ಕಾಲದಲ್ಲಿ ಕನ್ನಡ ಕವಿತೆಯನ್ನು ಜನರ ನಾಲಗೆಗೆ ತಂದವರು ಪಿ. ಕಾಳಿಂಗರಾಯರು. ಅವರ ಹಾಡಿಗೆ ಮಾರುಹೋಗಿ ಅದೇ ದಾರಿ ಹಿಡಿದವರಲ್ಲಿ ಮೈಸೂರು ಅನಂತಸ್ವಾಮಿಗಳು ಪ್ರಮುಖರು.

ಅನಂತಸ್ವಾಮಿಗಳು ಹುಟ್ಟಿದ್ದು 1936ರಲ್ಲಿ. ಮೈಸೂರು ಆಸ್ಥಾನದಲ್ಲಿ ಗಾಯಕರೂ ನಟರೂ ಆಗಿ ಹೆಸರು ಮಾಡಿದ್ದ ಚಿಕ್ಕರಾಮರಾಯರು ಇವರ ತಾತ. ಸಂಗೀತ ಮನೆಯಲ್ಲೇ ಇತ್ತು. ಆದರೆ ಮೊಮ್ಮಗ ಕಛೇರಿಯ ವೇದಿಕೆಯನ್ನು ಬಿಟ್ಟು ಹೊಸಗನ್ನಡ ಕವಿಗಳ ಪುಸ್ತಕಗಳ ಕಡೆ ನಡೆದರು. 1978ರಲ್ಲಿ ನಿಸಾರರ ಕವಿತೆಗಳಿಗೆ ಧಾಟಿ ಕೂಡಿಸಿ ಇವರು ಹೊರತಂದ 'ನಿತ್ಯೋತ್ಸವ' ಕನ್ನಡ ಭಾವಗೀತೆಗಳ ಮೊದಲ ಧ್ವನಿಸುರುಳಿಯೆಂದು ಹೆಸರಾಗಿದೆ. ದೇವನಹಳ್ಳಿಯಲ್ಲಿ ಹುಟ್ಟಿ, ಭೂವಿಜ್ಞಾನದ ಪಾಠ ಹೇಳುತ್ತಿದ್ದ ಕವಿಯೊಬ್ಬರ ಮಾತು ಕಿರಾಣಿ ಅಂಗಡಿಯಲ್ಲೂ ಕೇಳಿಬಂದದ್ದು ಆಗಲೇ.

ಪದ್ಯವನ್ನು ಧಾಟಿ ನುಂಗುತ್ತದೆಂದು ಆಗ ಹಲವರು ಗೊಣಗಿದರು. ನಾವೂ ಗೊಣಗಿದವರೇ. ತಬಲೆಯ ಠೇಕಾಕ್ಕೆ ಕವಿಯ ವಿರಾಮಗಳು ಮಾಯವಾಗುವುದನ್ನು ಕೇಳಿ ಮನಸ್ಸಿಗೆ ಕಸಿವಿಸಿಯಾಗಿತ್ತು. ಕೆಲವು ಧ್ವನಿಸುರುಳಿಗಳ ಬಗೆಗೆ ಇಂದಿಗೂ ಆ ಮಾತನ್ನು ಹಿಂತೆಗೆದುಕೊಳ್ಳಲಾರೆವು. ಆದರೆ ಗಡಿಯ ಈಚೆ ನಿಂತು ನೋಡಿದರೆ ಲೆಕ್ಕವೇ ಬೇರೆ. ರಾಯದುರ್ಗ 1953ರ ಅಕ್ಟೋಬರ್ 1ರವರೆಗೆ ಬಳ್ಳಾರಿ ಜಿಲ್ಲೆಯದಾಗಿತ್ತು. ಬಳ್ಳಾರಿ ಮೈಸೂರಿಗೆ ಹೋಯಿತು, ಆದವಾನಿ, ಆಲೂರುಗಳೊಡನೆ ರಾಯದುರ್ಗ ಆಂಧ್ರಕ್ಕೆ ಬಂತು. ಮಡಕಶಿರಾವಂತೂ ತುಮಕೂರು ಜಿಲ್ಲೆಯೊಳಕ್ಕೆ ಚಾಚಿದ ತೋಳಿನಂತಿದೆ. 2022ರಿಂದ ಅದು ಅನಂತಪುರ ಜಿಲ್ಲೆಯದೂ ಅಲ್ಲ, ಶ್ರೀ ಸತ್ಯಸಾಯಿ ಜಿಲ್ಲೆಯದು. ಶಾಲೆಯ ಪಾಟಿಯ ಮೇಲಿನ ಅಕ್ಷರ ಬದಲಾದ ಮನೆಗಳಲ್ಲಿ ಪುಸ್ತಕ ಮುಚ್ಚಿತು, ಕಿವಿ ಮುಚ್ಚಲಿಲ್ಲ. ಪಾವಗಡದ ಸಂತೆಯಿಂದಲೋ ಬಳ್ಳಾರಿಯ ಬಸ್ಸಿನಲ್ಲೋ ಬಂದ ಧ್ವನಿಸುರುಳಿಗೆ ಓದು ಬರಬೇಕೆಂಬ ನಿಯಮವಿರಲಿಲ್ಲ.

ಇದೇ ದಾರಿಯಲ್ಲಿ ನಡೆದ ಸಿ. ಅಶ್ವತ್ಥರನ್ನೂ ಇಲ್ಲಿ ನೆನೆಯಬೇಕು. ಬೆಂಗಳೂರಿನ ಐ.ಟಿ.ಐ. ಕಾರ್ಖಾನೆಯ ನೌಕರಿಯ ಜೊತೆಜೊತೆಗೇ ರಾಗಸಂಯೋಜನೆಯನ್ನು ನಡೆಸಿದವರು ಅವರು. ಶಿಶುನಾಳ ಶರೀಫರ ತತ್ತ್ವಪದಗಳನ್ನು ಪೇಟೆಯ ಮನೆಗಳಿಗೆ ಮುಟ್ಟಿಸಿದ ಕೀರ್ತಿಯಲ್ಲಿ ಅವರದು ದೊಡ್ಡ ಪಾಲು. 1939ರ ಡಿಸೆಂಬರ್ 29ರಂದು ಹುಟ್ಟಿದವರು 2009ರ ಅದೇ ತಾರೀಖಿನಂದು ತೀರಿಕೊಂಡರು.

ಅನಂತಸ್ವಾಮಿಗಳು 1995ರ ಜನವರಿಯಲ್ಲೇ ಕಣ್ಮುಚ್ಚಿದ್ದರು. ಕುವೆಂಪು ಅವರ ಗೀತೆಯನ್ನು ಕರ್ನಾಟಕ ಸರಕಾರ ನಾಡಗೀತೆಯೆಂದು ಸಾರಿದ್ದು 2004ರಲ್ಲಿ. ಅದನ್ನು ಯಾರ ಧಾಟಿಯಲ್ಲಿ ಹಾಡಬೇಕೆಂಬ ವಾದ ವರ್ಷಾನುವರ್ಷ ನಡೆದು, 2022ರಲ್ಲಿ ಅನಂತಸ್ವಾಮಿಗಳ ಧಾಟಿಯಲ್ಲಿ ಎರಡೂವರೆ ನಿಮಿಷದಲ್ಲಿ ಹಾಡಬೇಕೆಂದು ಆದೇಶವಾಯಿತು. ಸಂಯೋಜಕನ ಹೆಸರು ಸರಕಾರಿ ಕಾಗದದಲ್ಲಿ ಸೇರುವುದಕ್ಕೆ ಅವನು ಸತ್ತು ಇಪ್ಪತ್ತೇಳು ವರ್ಷ ಕಳೆಯಬೇಕಾಯಿತು!

ಮದುವೆಯ ಮನೆಯ ಆ ಅಜ್ಜಿಯನ್ನು ಮರುದಿನ ಕಂಡೆವು. ಟ್ರಂಕಿನಿಂದ ಹನ್ನೊಂದು ಧ್ವನಿಸುರುಳಿಗಳನ್ನು ತೆಗೆದು ಮುಂದಿಟ್ಟರು. ನಾಲ್ಕಕ್ಕೆ ಬೂಷ್ಟು ಹಿಡಿದಿತ್ತು. ಒಂದರ ಪಟ್ಟಿ ಹರಿದು, ಅವರೇ ಉಗುರುಬಣ್ಣದಿಂದ ಅಂಟಿಸಿದ್ದರು. "ಆಡಿಸೋಕೆ ಯಂತ್ರವೇ ಇಲ್ಲಪ್ಪ, ಆದರೂ ಎಸೆಯೋಕೆ ಮನಸ್ಸು ಬರಲ್ಲ" ಎಂದರು. ಎಸೆಯಬೇಡಿರೆಂದು ನಾವು ಕೈಮುಗಿದು ಕೇಳಿಕೊಂಡೆವು. ಧ್ವನಿ ಕುಳಿತಿರುವುದು ಪಟ್ಟಿಗೆ ಅಂಟಿಸಿದ ಕಬ್ಬಿಣದ ಪುಡಿಯಲ್ಲಿ. ತೇವ ತಗಲಿದರೆ ಅದು ಉದುರುತ್ತದೆ. ಬೂಷ್ಟು ಹಿಡಿದದ್ದನ್ನು ಹಾಗೆಯೇ ಯಂತ್ರಕ್ಕೆ ಹಾಕಬಾರದು. ಉಳಿದವನ್ನು ಒಣ ಜಾಗದಲ್ಲಿ ನೆಟ್ಟಗೆ ನಿಲ್ಲಿಸಿಡಿ. ಬಹುಕಾಲ ಸುಮ್ಮನೆ ಬಿದ್ದದ್ದಾದರೆ, ಕೇಳುವ ಮುನ್ನ ಕೊನೆಯವರೆಗೆ ಒಮ್ಮೆ ಸುತ್ತಿ, ಮತ್ತೆ ಹಿಂದಕ್ಕೆ ಸುತ್ತಿರಿ.

ನಿಮ್ಮ ಮನೆಯ ಅಟ್ಟದಲ್ಲಿ ಇಂಥವು ಇದ್ದರೆ ಹೊದಿಕೆಯ ಹಿಂಬದಿಯಲ್ಲಿರುವ ಹೆಸರುಗಳನ್ನೆಲ್ಲ, ಸಣ್ಣ ಅಕ್ಷರದವನ್ನೂ ಬಿಡದೆ, ಒಂದು ಕಾಗದದಲ್ಲಿ ಬರೆದು ನಮಗೆ ಕಳುಹಿಸಿಕೊಡಿ. ಕನ್ನಡ ಬರೆಯಲು ಬಾರದ ಮಕ್ಕಳು ತೆಲುಗಿನಲ್ಲೇ ಬರೆದರೂ ಸರಿ, ನಾವು ಓದಿಕೊಳ್ಳುತ್ತೇವೆ.