ಊರ ಮಾತು: ಎರಡು ಗೇಣು ಬದು



'ಹುಟ್ಟುತ್ತ ಅಣ್ಣತಮ್ಮಂದಿರು, ಬೆಳೆಯುತ್ತ ದಾಯಾದಿಗಳು' ಎಂಬ ಗಾದೆಯನ್ನು ನಮ್ಮ ಹಿರಿಯರು ಸುಮ್ಮನೆ ಕಟ್ಟಲಿಲ್ಲ. ನಮ್ಮ ಕಡೆಯ ಒಂದು ಹಳ್ಳಿಯಲ್ಲಿ ಒಡಹುಟ್ಟಿದವರಿಬ್ಬರು ಎರಡು ಗೇಣು ಬದುವಿಗಾಗಿ ಹೊಡೆದಾಡಿದರು. ಕಿರಿಯನು ಗುದ್ದಲಿಯ ಏಟಿಗೆ ಬಲಿಯಾದನು. ಹಿರಿಯನು ಜೈಲು ಸೇರಿದನು. ಮನೆಯಲ್ಲಿ ಉಳಿದವರು ಇಬ್ಬರು ಸೊಸೆಯರು, ಒಬ್ಬ ಮುದಿ ತಾಯಿ. ಆ ಹೊಲ ಇಂದಿಗೂ ಬೀಳು ಬಿದ್ದಿದೆ.

ಎರಡು ಗೇಣು ನೆಲದಲ್ಲಿ ಬೆಳೆಯುವ ರಾಗಿಯಾದರೂ ಎಷ್ಟು? ಜಗಳದ ಬೇರು ಯಜಮಾನಿಕೆಯಲ್ಲಿದೆ. ಬಾವಿಯ ನೀರು ಮೊದಲು ಯಾರಿಗೆ, ಊರಿನಲ್ಲಿ ಯಾರ ಮಾತು ನಡೆಯಬೇಕು ಎಂಬ ಹಟವೆಲ್ಲ ಕಡೆಗೆ ಬದುವಿನ ಮೇಲೆ ಬಂದು ನಿಲ್ಲುತ್ತದೆ. ಪಟೇಲ, ಶಾನುಭೋಗರ ವಂಶಪಾರಂಪರ್ಯ ಅಧಿಕಾರವನ್ನು 1961ರ ಕಾಯಿದೆ ರದ್ದುಪಡಿಸಿತು. ದಾಯಾದಿ ಮತ್ಸರವನ್ನು ರದ್ದುಪಡಿಸುವ ಕಾಯಿದೆ ಮಾತ್ರ ಹುಟ್ಟಲಿಲ್ಲ.

ಪರಸ್ಥಳದಲ್ಲಿರುವ ನಮಗೆ ಇದರಿಂದ ಏನಾಗಬೇಕು ಎನ್ನುವಿರಾ? ನಿಮ್ಮ ಹೊಲದ ಪಹಣಿ ತೆಗೆದು ನೋಡಿರಿ. 9ನೆಯ ಕಾಲಮ್ಮಿನಲ್ಲಿ ಖಾತೆದಾರರ ಹೆಸರು, 12ನೆಯದರಲ್ಲಿ ಸಾಗುವಳಿ ಮಾಡುವವರ ಹೆಸರು. ಮೊದಲನೆಯ ಕಡೆ ಕಾಲವಾದ ತಂದೆಯವರ ಹೆಸರೇ ಇನ್ನೂ ಇದ್ದೀತು. ಎರಡನೆಯ ಕಡೆ ಊರಿನಲ್ಲಿರುವ ತಮ್ಮನದು. ಬಿಸಿಲಿನಲ್ಲಿ ಬೆವರು ಸುರಿಸಿದವನು ನೆಲ ತನ್ನದೆಂದುಕೊಂಡರೆ ಆಶ್ಚರ್ಯವೇನು? ಪಟ್ಟಣದಲ್ಲಿರುವ ಅಣ್ಣ 'ಮುಂದೆ ನೋಡೋಣ' ಎನ್ನುತ್ತ ವರ್ಷ ತಳ್ಳುತ್ತಾನೆ. ವ್ಯಾಜ್ಯ ಮಾತ್ರ ಮಕ್ಕಳ ಪಾಲಿಗೆ ಉಳಿಯುತ್ತದೆ.

ಅಕ್ಕತಂಗಿಯರನ್ನೂ ಮರೆಯಕೂಡದು. ಹಿಂದೂ ಉತ್ತರಾಧಿಕಾರ ಕಾಯಿದೆಯ 2005ರ ತಿದ್ದುಪಡಿ ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಮಗನಷ್ಟೇ ಹಕ್ಕು ಕೊಟ್ಟಿದೆ. ತಿದ್ದುಪಡಿಯಾದ ದಿನ ತಂದೆ ಬದುಕಿರಲೇಬೇಕೆಂದಿಲ್ಲವೆಂದು 2020ರಲ್ಲಿ ಸುಪ್ರೀಂ ಕೋರ್ಟು ತೀರ್ಪಿತ್ತಿದೆ. ಅರಿಸಿನ ಕುಂಕುಮ, ಒಂದು ಸೀರೆ ಕೊಟ್ಟು ಸಹಿ ಹಾಕಿಸಿಕೊಂಡರೆ ಋಣ ತೀರಿತೆಂದು ಯಾರೂ ತಿಳಿಯಬಾರದು.

ಆದುದರಿಂದ ಈ ಸಲ ರಜೆಯಲ್ಲಿ ಊರಿಗೆ ಹೋದವರು ಜಾತ್ರೆ ಮುಗಿಸಿಕೊಂಡು ಹಾಗೆಯೇ ಹಿಂದಿರುಗಬೇಡಿರಿ. ಹಿರಿಯರೊಬ್ಬರಾದರೂ ಇರುವಾಗಲೇ ಎಲ್ಲರೂ ಕೂಡಿ ಕುಳಿತು ಮಾತಾಡಿರಿ. ಸರ್ವೆಯವರಿಂದ 11ಇ ನಕ್ಷೆ ಮಾಡಿಸಿ, ಪಾಲುಪಟ್ಟಿಯನ್ನು ನೋಂದಾಯಿಸಿ, ಖಾತೆ ಬದಲಾಯಿಸಿಕೊಳ್ಳಿರಿ. ಉಳುವ ತಮ್ಮನಿಗೆ ಒಂದು ಗುಂಟೆ ಹೆಚ್ಚು ಹೋದರೆ ಹೋಗಲಿ. ಮುಂದಿನ ಯುಗಾದಿಗೆ ಅವನ ಮನೆಯಲ್ಲಿ ನಿಮಗೊಂದು ಎಲೆ ಹಾಕಿರುತ್ತಾನಲ್ಲ, ಅಷ್ಟು ಸಾಕು.