ನಾಯಿಕೆಯೋ, ತಾಯಿಯೋ?

ಕನ್ನಡವೂ ತಮಿಳೂ ಒಂದೇ ಜಗುಲಿಯಲ್ಲಿ ಕೇಳಿಬರುವ ಮಾರಿಕುಪ್ಪಂನಲ್ಲಿ ನಟಿ ಪಂಡರಿಬಾಯಿಯವರ ಹೆಸರೆತ್ತಿದೊಡನೆ ‘ತಾಯಿ ಪಾತ್ರದವರಲ್ಲವೆ?’ ಎನ್ನುವರು. ಇದು ಸ್ತುತಿಯ ವೇಷ ತೊಟ್ಟ ಅನ್ಯಾಯ.

1952ರ ತಮಿಳು ‘ಪರಾಶಕ್ತಿ’ಯು ಶಿವಾಜಿ ಗಣೇಶನರ ಪ್ರಥಮ ಚಿತ್ರ; 1954ರ ‘ಬೇಡರ ಕಣ್ಣಪ್ಪ’ವು ರಾಜಕುಮಾರರು ನಾಯಕರಾದ ಪ್ರಥಮ ಚಿತ್ರ. ಎರಡರಲ್ಲಿಯೂ ನಾಯಿಕೆ ಭಟ್ಕಳದ ಈ ಹೆಣ್ಣುಮಗಳೇ. 1943ರ ‘ವಾಣಿ’ಯಿಂದಲೇ ತೆರೆಯನ್ನು ಬಲ್ಲ ಆಕೆಯ ಎದುರಿಗೆ ನಿಂತ ಅವರೀರ್ವರೂ ನಾಯಕಪಟ್ಟಕ್ಕೆ ಹೊಸಬರು. ಮುಂದೆ ಆದುದೇನು? ಅವರು ನಾಯಕರಾಗಿಯೇ ಉಳಿದರು. ಆಕೆಯಾದರೋ 1969ರ ‘ದೈವಮಗನ್’ದಲ್ಲಿ, ಮೂರು ಪಾತ್ರ ವಹಿಸಿದ ಗಣೇಶನರಿಗೆ ಏಕಕಾಲದಲ್ಲಿ ಪತ್ನಿಯೂ ತಾಯಿಯೂ ಆದರು, 1986ರ ‘ಅನುರಾಗ ಅರಳಿತು’ವಿನಲ್ಲಿ ಸರಿಸುಮಾರು ಸಮವಯಸ್ಕರಾದ ರಾಜಕುಮಾರರಿಗೇ ತಾಯಿಯಾದರು!

‘ವಯೋಧರ್ಮ’ವೆಂದು ಸಮಾಧಾನ ಹೇಳುವವರುಂಟು. ಆ ಧರ್ಮವು ಪುರುಷರನ್ನು ಮಾತ್ರ ಏಕೆ ಬಿಟ್ಟಿತು? ಅಲಂಕಾರಶಾಸ್ತ್ರಕಾರರು ಎಂಟು ಬಗೆಯ ನಾಯಿಕೆಯರನ್ನಾದರೂ ಎಣಿಸಿದರು. ಚಲಚ್ಚಿತ್ರದವರಿಗೆ ತಿಳಿದಿರುವುದು ತರುಣಿ, ಅಮ್ಮ ಎಂಬ ಎರಡೇ. ಆಕೆ ಒಪ್ಪಿಕೊಂಡ ಪಾತ್ರಗಳಲ್ಲಿ ದೋಷವಿಲ್ಲ. ಅವುಗಳನ್ನೂ ಆಕೆ ಚೆನ್ನಾಗಿಯೇ ನಿರ್ವಹಿಸಿದರು. ದೋಷವಿರುವುದು ನೋಡುವವರ ನೆನಪಿನಲ್ಲಿ. 2003ರಲ್ಲಿ ಗತಿಸಿದ ಈ ನಟಿಯ ಚರಿತ್ರೆಯನ್ನು ಬರೆಯುವವರು ಕಣ್ಣಪ್ಪನ ಮಡದಿ ನೀಲೆಯಿಂದ ಆರಂಭಿಸಲಿ.